ಗುಜರಿಗೆ ಹೋದ ಕ್ಯಾಲೆಂಡರ್

ಈ ಸಲ ಬಂದ ಪತ್ರಗಳಲ್ಲಿ ಮೂರು ಒಂದೇ ಸಂಕಟದ ಮೂರು ಕಡೆಯಿಂದ ಬಂದಿವೆ. ಮೊದಲನೆಯದಕ್ಕೆ ಉದ್ದವಾಗಿ ಬರೆಯುತ್ತಿದ್ದೇನೆ. ಯಾಕೆಂದರೆ ಆ ದಾರಿಯಲ್ಲಿ ನಾನೂ ನಡೆದಿದ್ದೇನೆ.

ಪ್ರಶ್ನೆ: ಅಕ್ಕಾ, ನನಗೆ 34 ವರ್ಷ. ಮದುವೆಯಾಗಿ ಒಂದೂವರೆ ವರ್ಷವಾಯಿತು. ನನಗೆ ಮೊದಲ ಮದುವೆ, ಅವರಿಗೆ ಎರಡನೆಯದು. ಅವರ ಮೊದಲ ಹೆಂಡತಿ 2021ರ ಮೇ ತಿಂಗಳಲ್ಲಿ ಕೊರೊನಾದಿಂದ ತೀರಿಕೊಂಡರು. ಮಗಳು ಎಂಟನೇ ಕ್ಲಾಸು, ಮಗ ಎರಡನೇ ಕ್ಲಾಸು. ಹುಡುಗ ತಿಂಗಳೊಪ್ಪತ್ತಿನಲ್ಲೇ ನನ್ನನ್ನು 'ಅಮ್ಮ' ಅಂದ. ಅವನು ಹಾಗೆ ಕರೆದಾಗಲೆಲ್ಲ ಹುಡುಗಿ ತಟ್ಟೆ ಬಿಟ್ಟು ಎದ್ದು ಹೋಗುತ್ತಾಳೆ. ನಾನು ಬರುವ ಮೊದಲು ತಮ್ಮನಿಗೆ ತಿಂಡಿ ಕಟ್ಟುವುದು, ಅಪ್ಪನಿಗೆ ಕಾಫಿ ಮಾಡುವುದು ಎಲ್ಲ ಅವಳೇ. ಈಗ ಅಡುಗೆಮನೆಗೆ ಕಾಲಿಡುವುದಿಲ್ಲ. ನಾನು ಕಟ್ಟಿಕೊಟ್ಟ ಡಬ್ಬಿ ತುಂಬಿದ್ದು ತುಂಬಿದ ಹಾಗೇ ವಾಪಸು ಬರುತ್ತದೆ. ಅವಳು ದೊಡ್ಡವಳಾದ ವಿಷಯ ನನಗೆ ಪಕ್ಕದ ಮನೆಯವರಿಂದ ಗೊತ್ತಾಯಿತು. ಆ ದಿನ ಬಚ್ಚಲಲ್ಲಿ ಕೂತು ಅತ್ತಿದ್ದೇನೆ. ನಮ್ಮ ಯಜಮಾನರು ಒಂದು ದಿನ 'ಅಮ್ಮ ಅಂತ ಕರಿ' ಎಂದು ಅವಳಿಗೆ ಹೊಡೆದೇಬಿಟ್ಟರು. ಆಮೇಲಂತೂ ಇನ್ನೂ ದೂರ ಹೋದಳು. ಇನ್ನೊಂದು ವಿಷಯ. ದೀಪಾವಳಿಗೆ ಮನೆಗೆ ಬಣ್ಣ ಹೊಡೆಸುವಾಗ ಅಡುಗೆಮನೆ ಬಾಗಿಲ ಹಿಂದೆ 2021ರ ಕ್ಯಾಲೆಂಡರ್ ಇತ್ತು, ಹಳೇ ಪೇಪರ್ ಜೊತೆ ಗುಜರಿಗೆ ಹಾಕಿದೆ. ಅದರಲ್ಲಿ ಅವಳಮ್ಮ ಹಾಲಿನ ಲೆಕ್ಕ ಬರೆದಿದ್ದರಂತೆ. ನನಗೆ ಗೊತ್ತಿರಲಿಲ್ಲ. ನಾನು ಏನು ಮಾಡಿದರೆ ಆ ಮಗು ನನ್ನನ್ನು ನಂಬುತ್ತದೆ?
— ಹೆಸರು ಬೇಡ, ಹಾಸನ

ಉತ್ತರ: ತಂಗೀ, ಕ್ಯಾಲೆಂಡರಿನ ವಿಷಯವನ್ನು ನೀವು ಕೊನೆಗೆ, 'ಇನ್ನೊಂದು ವಿಷಯ' ಎಂದು ಬರೆದಿದ್ದೀರಿ. ನಾನು ಅಲ್ಲಿಂದಲೇ ಶುರು ಮಾಡುತ್ತೇನೆ.

2021ರ ಮೇ ತಿಂಗಳು ಹೇಗಿತ್ತೆಂದು ನೆನಪು ಮಾಡಿಕೊಳ್ಳಿ. ಆಸ್ಪತ್ರೆಗೆ ಸೇರಿದವರ ಹತ್ತಿರ ಮನೆಯವರನ್ನು ಬಿಡುತ್ತಿರಲಿಲ್ಲ. ತೀರಿಕೊಂಡರೆ ದೇಹವನ್ನು ಸುತ್ತಿ ಕಟ್ಟಿ ನೇರ ಸ್ಮಶಾನಕ್ಕೆ ಒಯ್ಯುತ್ತಿದ್ದರು. ದೊಡ್ಡವರಿಗೇ ಮುಖ ನೋಡಲು ಸಿಗದ ಆ ದಿನಗಳಲ್ಲಿ ಒಂಬತ್ತು ವರ್ಷದ ಮಗುವನ್ನು ಯಾರು ಕರೆದುಕೊಂಡು ಹೋಗಿರುತ್ತಾರೆ? ಅಮ್ಮ ಮನೆಯಿಂದ ಹೋದಳು, ಆಮೇಲೆ ಇಲ್ಲ ಅಂದರು. ಆ ಮಗುವಿಗೆ ಗೊತ್ತಿರುವುದು ಇಷ್ಟೇ ಇರಬಹುದು. ಬಾಗಿಲ ಹಿಂದಿನ ಕ್ಯಾಲೆಂಡರಿನಲ್ಲಿ ಮಾತ್ರ ಹಾಲಿನ ಲೆಕ್ಕ ಒಂದು ತಾರೀಖಿನವರೆಗೆ ನಡೆದು ಅಲ್ಲಿಗೆ ನಿಂತಿತ್ತು. ಒಂದು ಲೀಟರು, ಅರ್ಧ ಲೀಟರು, ಬಹುಶಃ ಗ್ಯಾಸ್ ಬಂದ ದಿನಕ್ಕೊಂದು ಗುರುತು. ಅಮ್ಮ ಆ ತಾರೀಖಿನವರೆಗೆ ಈ ಅಡುಗೆಮನೆಯಲ್ಲಿ ನಿಂತಿದ್ದಳು ಎನ್ನುವುದಕ್ಕೆ ಆ ಹುಡುಗಿಯ ಹತ್ತಿರ ಇದ್ದ ದಾಖಲೆ ಅದು. ಮೂರು ವರ್ಷ ಯಾರೂ ಅದನ್ನು ತೆಗೆಯದೇ ಇದ್ದದ್ದು ಮರೆವಿನಿಂದ ಅಂದುಕೊಂಡಿರಾ?

ನಿಮ್ಮನ್ನು ಬೈಯಲು ಇದನ್ನು ಬರೆಯುತ್ತಿಲ್ಲ. ನಿಮಗೆ ಯಾರೂ ಹೇಳಿರಲಿಲ್ಲ. ಆದರೂ ಕ್ಷಮೆ ಕೇಳಬೇಕು, ಮತ್ತು 'ನನಗೆ ಗೊತ್ತಿರಲಿಲ್ಲ' ಎಂದು ಶುರು ಮಾಡಬಾರದು. ಹಾಗೆ ಶುರು ಮಾಡಿದರೆ ನಿಮ್ಮನ್ನು ಸಮಾಧಾನ ಮಾಡುವ ಕೆಲಸ ಅವಳ ತಲೆಗೆ ಬೀಳುತ್ತದೆ. ಅವಳೊಬ್ಬಳೇ ಇರುವಾಗ ಹೋಗಿ, 'ನಿನ್ನ ಅಮ್ಮನ ಕೈಬರಹ ಇದ್ದ ಕ್ಯಾಲೆಂಡರನ್ನು ನಾನು ಕೇಳದೆ ಹಾಕಿದೆ. ತಪ್ಪು ನನ್ನದು. ಇನ್ನು ಅವರ ಒಂದು ವಸ್ತುವನ್ನೂ ನಿನ್ನನ್ನು ಕೇಳದೆ ಮುಟ್ಟುವುದಿಲ್ಲ' ಎನ್ನಿ. ಅಷ್ಟು ಹೇಳಿ ಎದ್ದು ಬನ್ನಿ. 'ಪರವಾಗಿಲ್ಲ' ಎನ್ನಲಿ ಎಂದು ಬಾಗಿಲಲ್ಲಿ ಕಾಯಬೇಡಿ. ಅವಳು ಮುಖ ತಿರುಗಿಸಿಕೊಂಡೇ ಕೇಳಬಹುದು. ಕೇಳಿರುತ್ತಾಳೆ.

ಆಮೇಲೆ ಹುಡುಕಿ. ಬರೆಯುವ ಹೆಂಗಸಿನ ಅಕ್ಷರ ಮನೆಯಲ್ಲಿ ಒಂದೇ ಕಡೆ ಇರುವುದಿಲ್ಲ. ಸಾಂಬಾರ್ ಪುಡಿ ಡಬ್ಬಿಗೆ ಅಂಟಿಸಿದ ಚೀಟಿ, ಹಳೇ ಶಾಲೆ ಡೈರಿಯಲ್ಲಿ ಪೋಷಕರ ಸಹಿ, ಮದುವೆ ಆಲ್ಬಮ್ಮಿನ ಹಿಂದೆ ಬರೆದ ಹೆಸರುಗಳು, ಇವನ್ನೆಲ್ಲ ನೋಡಿ. ನಿಮ್ಮ ಯಜಮಾನರ ಹಳೇ ಫೋನಿನಲ್ಲಿ ಅವರು ಕಳಿಸಿದ ವಾಟ್ಸ್ಆ್ಯಪ್ ವಾಯ್ಸ್ ಮೆಸೇಜುಗಳು ಇರಬಹುದು. 'ಬರುವಾಗ ಕೊತ್ತಂಬರಿ ಸೊಪ್ಪು ತನ್ನಿ' ಎಂಬಂಥ ಐದು ಸೆಕೆಂಡಿನ ಮಾತಾದರೂ ಸಾಕು. ಸಿಕ್ಕಿದ್ದನ್ನು ಎರಡು ಕಡೆ ಉಳಿಸಿ, ಅವಳಪ್ಪನ ಕೈಯಿಂದಲೇ ಅವಳಿಗೆ ಕೊಡಿಸಿ. ಹುಡುಕಿದ್ದು ನಾನು ಎಂದು ಹೇಳಿಕೊಳ್ಳಬೇಡಿ.

ಈಗ ನನ್ನ ಮಾತು. 1986ರಲ್ಲಿ ನಾನು ಸಾಗರದ ಹತ್ತಿರದ ಒಂದು ಹಳ್ಳಿಯ ಮನೆಗೆ ಎರಡನೆಯವಳಾಗಿ ಬಂದೆ. ಮೊದಲನೆಯವರು ಕಾಮಾಲೆಯಿಂದ ಹೋಗಿದ್ದರು. ಹುಡುಗಿಗೆ ಒಂಬತ್ತು, ಹುಡುಗನಿಗೆ ನಾಲ್ಕು. ನಾನು ಪ್ರೈಮರಿ ಶಾಲೆಯಲ್ಲಿ ಪಾಠ ಹೇಳುತ್ತಿದ್ದವಳು, ಮಕ್ಕಳನ್ನು ಒಲಿಸಿಕೊಳ್ಳುವುದು ನನಗೆ ಬರುತ್ತದೆ ಎಂಬ ಧೈರ್ಯವಿತ್ತು. ಸಾಗರದಲ್ಲಿ ಮಾರಿಕಾಂಬಾ ಜಾತ್ರೆ ಮೂರು ವರ್ಷಕ್ಕೊಮ್ಮೆ. ನಾನು ಬಂದ ಮೇಲಿನ ಮೊದಲ ಜಾತ್ರೆಗೆ ಹೊರಡುವಾಗ ಹುಡುಗಿಯನ್ನು ಖುಷಿಪಡಿಸಬೇಕೆಂದು 'ನಿನಗೆ ಎರಡೂ ಕೈ ತುಂಬ ಗಾಜಿನ ಬಳೆ ತೊಡಿಸುತ್ತೇನೆ' ಅಂದೆ. ಜಾತ್ರೆಯ ಗದ್ದಲದಲ್ಲಿ ಚಿಕ್ಕವನಿಗೆ ವಾಂತಿಯಾಯಿತು, ಬಸ್ಸಿಗೆ ಹೊತ್ತಾಯಿತು, ಬಳೆ ಅಂಗಡಿಯ ಮುಂದೆಯೇ ಹಾದು ಬಂದೆವು. ನನಗೆ ಮರೆತೇಹೋಯಿತು. ಮೂರು ವರ್ಷದ ಮೇಲೆ ಮತ್ತೆ ಜಾತ್ರೆ ಬಂತು. 'ಬಾ, ಬಳೆ ತೊಡಿಸುತ್ತೇನೆ' ಅಂದೆ. ಅವಳು ಅಂಗಳ ಗುಡಿಸುತ್ತ, ತಲೆ ಎತ್ತದೆ, 'ಹೋದ ಜಾತ್ರೆಗೂ ಹೇಳಿದ್ದಿರಿ' ಅಂದಳು.

ಒಂದು ಮಾತನ್ನು ಆ ಮಗು ಮೂರು ವರ್ಷ ಕಟ್ಟಿಟ್ಟುಕೊಂಡಿತ್ತು. ಆ ಮೂರು ವರ್ಷ ನಾನು ಅವಳಿಗೆ ಜಡೆ ಹಾಕಿದ್ದೆ, ಜ್ವರ ಬಂದಾಗ ಪಕ್ಕದಲ್ಲಿ ಮಲಗಿದ್ದೆ, ಹೊಸ ಲಂಗ ಹೊಲಿಸಿದ್ದೆ. ಅದ್ಯಾವುದೂ ಆ ಲೆಕ್ಕವನ್ನು ತೀರಿಸಿರಲಿಲ್ಲ. ಒಮ್ಮೆ ತಾಯಿಯನ್ನು ಕಳೆದುಕೊಂಡ ಮಗು 'ಇವಳು ಒಳ್ಳೆಯವಳೋ ಅಲ್ಲವೋ' ಎಂದು ನೋಡುತ್ತಿರುವುದಿಲ್ಲ. 'ಇವಳು ಹೇಳಿದ್ದು ಆಗುತ್ತದೋ ಇಲ್ಲವೋ' ಎಂದು ನೋಡುತ್ತಿರುತ್ತದೆ. ಅದಕ್ಕೆ ಕಾರಣವಿದೆ. ನಮ್ಮ ಹುಡುಗಿಯ ತಾಯಿಯೂ ಆಸ್ಪತ್ರೆಗೆ ಹೋಗುವಾಗ 'ನಾಳೆ ಬರುತ್ತೇನೆ' ಅಂದೇ ಹೋಗಿದ್ದರು.

ಆ ವರ್ಷದಿಂದ ನಾನು ದೊಡ್ಡ ಮಾತು ಆಡುವುದನ್ನು ಬಿಟ್ಟೆ. ಹುಡುಗಿ ಹೈಸ್ಕೂಲಿಗೆ ಸೇರಿದ ಮಳೆಗಾಲದಲ್ಲಿ ಒಂದೇ ಒಂದು ಮಾತು ಕೊಟ್ಟೆ: ಸಂಜೆ ಹಳ್ಳದ ಸಂಕದ ಹತ್ತಿರ ನಿಂತಿರುತ್ತೇನೆ. ನಮ್ಮ ಕಡೆಯ ಆಷಾಢದ ಮಳೆ ನಿಮಗೆ ಗೊತ್ತಿರಬಹುದು, ಸಂಕದ ಮರ ಪಾಚಿಗಟ್ಟಿ ಜಾರುತ್ತದೆ, ಕೆಳಗೆ ನೀರು ಕೆಂಪಗೆ ತಿರುಗುತ್ತಿರುತ್ತದೆ. ದಿನಾ ನಿಂತೆ. ಕಂಬಳಿಕೊಪ್ಪೆ ಹಾಕಿಕೊಂಡು ಜ್ವರದಲ್ಲೂ ನಿಂತೆ. ಅವಳು ನನ್ನ ಕೈ ಹಿಡಿಯದೆ ತಾನೇ ದಾಟಿ ಮುಂದೆ ನಡೆಯುತ್ತಿದ್ದಳು, ನಾನು ಹಿಂದೆ. ಒಂದು ಮಳೆಗಾಲ ಪೂರ್ತಿ ಹೀಗೇ ಕಳೆಯಿತು. ಎರಡನೆಯ ಮಳೆಗಾಲದಲ್ಲಿ ಒಂದು ದಿನ ಸಂಕದ ಆಚೆ ನಿಂತು ಪುಸ್ತಕದ ಚೀಲವನ್ನು ನನ್ನ ಕಡೆ ಚಾಚಿದಳು. ಕೈ ಕೊಡಲಿಲ್ಲ, ಚೀಲ ಕೊಟ್ಟಳು. ಆ ಚೀಲದ ಭಾರ ನನ್ನ ಭುಜಕ್ಕೆ ಇವತ್ತೂ ಗೊತ್ತು.

ಆದ್ದರಿಂದ ನೀವೂ ನಿಮ್ಮ ಕೈಲಾಗುವ, ತಪ್ಪದೆ ನಡೆಸಬಹುದಾದ ಒಂದು ಸಣ್ಣ ಕೆಲಸ ಹಿಡಿಯಿರಿ. ನೀವೇ ಬರೆದಿರುವ ವಿಷಯ ಒಂದಿದೆ. ಅವಳು ಮುಟ್ಟಾಗಲು ಶುರುವಾದದ್ದನ್ನು ಪಕ್ಕದ ಮನೆಯವರಿಗೆ ಹೇಳಿದಳು ಎಂದು ನೊಂದುಕೊಂಡಿರಿ. ನೋವು ಸಹಜ. ಆದರೆ ಆ ಹೊತ್ತಿನಲ್ಲಿ ಹುಡುಗಿಯೊಬ್ಬಳಿಗೆ ನೆನಪಾಗುವುದು ಹೆತ್ತಮ್ಮ. ಆ ಜಾಗಕ್ಕೆ ನಿಮ್ಮನ್ನು ಕರೆದರೆ ಅಮ್ಮ ಇಲ್ಲ ಎಂದು ತಾನೇ ಒಪ್ಪಿಕೊಂಡಂತೆ. ಪಕ್ಕದ ಮನೆಯವರಿಗೆ ಹೇಳಿದರೆ ಆ ತೊಂದರೆ ಇಲ್ಲ. ಬಚ್ಚಲಿನ ಒಂದು ಶೆಲ್ಫನ್ನು ಅವಳಿಗೆಂದು ಬಿಡಿ. ಅಲ್ಲಿ ಪ್ಯಾಡಿನ ಪ್ಯಾಕೆಟ್ಟು, ಹಳೇ ಪೇಪರು, ಒಂದು ಬಿಸಿನೀರಿನ ಬ್ಯಾಗು ಇಡಿ. ಮಾತು ಬೇಡ. ಪ್ಯಾಕೆಟ್ಟು ಖಾಲಿಯಾಗುವ ಮೊದಲೇ ಇನ್ನೊಂದು ಬಂದಿರಬೇಕು, ತಿಂಗಳು ತಪ್ಪಬಾರದು. ಆರು ತಿಂಗಳು ಹೋದ ಮೇಲೆ ಅವಳಿಗೆ ತಾನಾಗಿ ಗೊತ್ತಾಗುತ್ತದೆ, ಈ ಮನೆಯಲ್ಲಿ ಕೇಳದೆಯೇ ನಡೆಯುವುದು ಒಂದಿದೆ ಎಂದು.

'ಅಮ್ಮ' ಎನ್ನುವ ಹೆಸರನ್ನು ಇವತ್ತೇ ಕೆಳಗಿಡಿ. ಚಿಕ್ಕವನು ಕರೆಯುತ್ತಾನೆ, ಕರೆಯಲಿ. ಅವನಿಗೆ ಆಗ ಮೂರು ವರ್ಷ, ಹೆತ್ತವಳ ಮುಖ ಅವನಿಗೆ ಫೋಟೊದಲ್ಲಿ ಮಾತ್ರ. ಹುಡುಗಿ ಎದ್ದು ಹೋಗುವುದು ನಿಮ್ಮ ಮೇಲಿನ ಸಿಟ್ಟಿನಿಂದ ಇರಲಾರದು. ತಮ್ಮ ಮರೆತುಬಿಟ್ಟ, ಇನ್ನು ಅಮ್ಮನನ್ನು ನೆನಪಿಟ್ಟುಕೊಳ್ಳುವವಳು ನಾನೊಬ್ಬಳೇ ಎಂಬ ಹೆದರಿಕೆ ಅದು. ನಿಮ್ಮನ್ನು ಇಷ್ಟಪಟ್ಟರೆ ಅಮ್ಮನಿಗೆ ಎರಡು ಬಗೆದಂತೆ ಎಂದು ಅವಳಿಗೆ ಅನಿಸುತ್ತಿರಬಹುದು. ಹಾಗಾಗಿ ಅವಳ ಎದುರಿಗೇ ಚಿಕ್ಕವನಿಗೆ ಹೇಳಿ, 'ನಿನ್ನ ಅಮ್ಮ ಹೇಗಿದ್ದರು ಎಂದು ಅಕ್ಕನನ್ನು ಕೇಳು, ಅವಳಿಗೆ ಚೆನ್ನಾಗಿ ಗೊತ್ತು.' ನೆನಪಿನ ಕೀಲಿಕೈ ಅವಳ ಹತ್ತಿರವೇ ಇದೆ ಎಂದು ನೀವು ಒಪ್ಪಿದರೆ ಅವಳ ಹೆದರಿಕೆ ಸ್ವಲ್ಪ ಇಳಿಯುತ್ತದೆ. ಅವಳು ನಿಮ್ಮನ್ನು ಚಿಕ್ಕಮ್ಮ ಎನ್ನಲಿ, ಆಂಟಿ ಎನ್ನಲಿ, ಏನೂ ಎನ್ನದೆ 'ಇಲ್ಲಿ ನೋಡಿ' ಎನ್ನಲಿ. ನಮ್ಮವಳಿಗೆ ಈಗ ಐವತ್ತು ಹತ್ತಿರವಾಯಿತು, ನನ್ನನ್ನು ಇವತ್ತೂ 'ಚಿಕ್ಕೀ' ಎಂದೇ ಕರೆಯುತ್ತಾಳೆ. ನನಗೆ ಆ ಶಬ್ದಕ್ಕಿಂತ ಸಿಹಿಯಾದದ್ದು ಬೇರೆ ಬೇಕೆಂದು ಅನಿಸಿಲ್ಲ.

ನಿಮ್ಮ ಯಜಮಾನರಿಗೆ ಈ ಪುಟವನ್ನು ಓದಲು ಕೊಡಿ. ಅಣ್ಣಾ, ನೀವು ಹೊಡೆದದ್ದು ತಪ್ಪು, ಅದು ಮತ್ತೆ ಆಗಕೂಡದು. ಹೊಡೆತದ ಜೊತೆ ಬಂದ 'ಅಮ್ಮ' ಎಂಬ ಶಬ್ದ ಯಾವ ಮಗುವಿನ ಬಾಯಲ್ಲೂ ನಿಲ್ಲುವುದಿಲ್ಲ. ಹೆಂಡತಿ ತೀರಿಕೊಂಡ ಮೇಲೆ ಎರಡೂವರೆ ವರ್ಷ ನಿಮಗೆ ಕಾಫಿ ಮಾಡಿಕೊಟ್ಟದ್ದು, ಮಗನಿಗೆ ಡಬ್ಬಿ ಕಟ್ಟಿದ್ದು ಆ ಮಗು. ಹತ್ತು ವರ್ಷಕ್ಕೇ ಮನೆಯ ಯಜಮಾನಿಯಾಗಿದ್ದಳು. ಒಂದು ಬೆಳಿಗ್ಗೆ ಆ ಪಟ್ಟ ಹೋಯಿತು, ನಿಮ್ಮ ಬೈಕಿನ ಹಿಂದಿನ ಸೀಟೂ ಹೋಯಿತು, ಯಾರೂ ಅವಳನ್ನು ಕೇಳಲಿಲ್ಲ. ವಾರಕ್ಕೊಂದು ಸಲ ಅವಳೊಬ್ಬಳನ್ನೇ ಹೊರಗೆ ಕರೆದುಕೊಂಡು ಹೋಗಿ, ದೋಸೆ ತಿನ್ನಿಸಿ, ಅವಳಮ್ಮನ ಮಾತು ಎತ್ತಿ. ನೀವು ಅತ್ತರೂ ಪರವಾಗಿಲ್ಲ. ಓದು, ಫೋನು, ಹೊತ್ತಾಗಿ ಬರುವುದು ಇಂಥ ವಿಷಯದಲ್ಲಿ ಗದರುವ ಕೆಲಸ ಸದ್ಯಕ್ಕೆ ನಿಮ್ಮದೇ ಇರಲಿ, ಹೊಸದಾಗಿ ಬಂದವರ ತಲೆಗೆ ಕಟ್ಟಬೇಡಿ.

ಮತ್ತೆ ತಂಗಿಗೆ. ಭಾದ್ರಪದದ ಮಹಾಲಯ ಅಮಾವಾಸ್ಯೆಗೆ ನಿಮ್ಮ ಕಡೆ ಹಿರಿಯರಿಗೆ ಎಡೆ ಇಡುತ್ತಾರೆ. ಈ ಸಲ ವಾರ ಮೊದಲೇ ಅವಳನ್ನು ಕೇಳಿ, 'ನಿನ್ನ ಅಮ್ಮನಿಗೆ ಏನು ಇಷ್ಟ?' ಕಡುಬೋ, ಅವರೆಕಾಳು ಸಾರೋ, ಅಂಗಡಿಯ ಖಾರಾಬೂಂದಿಯೋ, ಅವಳು ಹೇಳಿದ್ದೇ ಎಡೆಗೆ ಬರಲಿ. ಎಡೆಗಿಡುವ ಸೀರೆಯನ್ನು ಅವಳೇ ಆರಿಸಲಿ. 'ನನಗೆ ನಿಮ್ಮನೆ ಸಾರಿನ ಹದ ಗೊತ್ತಿಲ್ಲ, ಪಕ್ಕದಲ್ಲಿ ನಿಂತು ಹೇಳು' ಎಂದು ಕರೆಯಿರಿ. ಬರದಿದ್ದರೆ ಬಿಡಿ, ಒತ್ತಾಯ ಬೇಡ. ಬಂದರೆ ಹುಣಿಸೆಹಣ್ಣು ಎಷ್ಟು ಎಂದು ಅವಳು ಹೇಳಿದಷ್ಟೇ ಹಾಕಿ, ಸಾರು ಹುಳಿಯಾದರೂ ಸರಿ.

ಡಬ್ಬಿ ತುಂಬಿ ವಾಪಸು ಬರುವ ವಿಷಯ ಮಾತ್ರ ನನಗೆ ಚಿಂತೆ ತಂದಿದೆ. ಮಧ್ಯಾಹ್ನ ಅವಳು ಬೇರೇನಾದರೂ ತಿನ್ನುತ್ತಾಳೆಯೇ ಎಂದು ಕ್ಲಾಸ್ ಟೀಚರನ್ನು ವಿಚಾರಿಸಿ. ಡಬ್ಬಿಗೆ ಏನು ಬೇಕೋ ಅವಳೇ ಕಟ್ಟಿಕೊಳ್ಳಲಿ. ಅಡುಗೆಮನೆ ಮೊದಲು ಅವಳದು, ಆಮೇಲೆ ನಿಮ್ಮದು. ಊಟ, ನಿದ್ದೆ ಎರಡೂ ಕೆಟ್ಟಿದ್ದರೆ, ಬದುಕುವುದೇ ಬೇಡ ಎಂಬಂಥ ಮಾತು ಬಂದರೆ ಕಾಯಬೇಡಿ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಫೋನ್ ಮಾಡಿ. ದುಡ್ಡು ಕೊಡಬೇಕಿಲ್ಲ, ಹಗಲೂ ರಾತ್ರಿಯೂ ಇರುತ್ತದೆ, ಕನ್ನಡದಲ್ಲಿ ಮಾತಾಡುತ್ತಾರೆ. ತಾಯಿ ಸತ್ತ ದುಃಖ ನಾಲ್ಕು ವರ್ಷದ ಮೇಲೆ ಕಾಯಿಲೆಯಾಗಿ ಕಾಣಿಸಿಕೊಳ್ಳುವುದೂ ಉಂಟು.

ಎಷ್ಟು ದಿನ ಬೇಕು ಎಂದು ನೀವು ಕೇಳಿಲ್ಲ, ಆದರೆ ಕೇಳುವ ಆಸೆ ಇರುತ್ತದೆ. ನನಗೆ ಚೀಲ ಸಿಗಲು ಐದು ವರ್ಷ ಹಿಡಿಯಿತು. ನೀವಿನ್ನೂ ಒಂದೂವರೆ ವರ್ಷದಲ್ಲಿದ್ದೀರಿ.

ಪ್ರಶ್ನೆ: ಮೇಡಂ, ನನಗೆ 41 ವರ್ಷ. ಮಂಗಳೂರಿನಲ್ಲಿ ಕೆಲಸ. ಡಿವೋರ್ಸ್ ಆಗಿದ್ದವರನ್ನು ಮದುವೆಯಾಗಿದ್ದೇನೆ, ಅವರಿಗೆ 11 ವರ್ಷದ ಮಗನಿದ್ದಾನೆ. ಅವನ ತಂದೆ ತಿಂಗಳಿಗೊಮ್ಮೆ ಬಂದು ನೋಡಿಕೊಂಡು ಹೋಗುತ್ತಾರೆ. ಫೀಸು, ಟ್ಯೂಷನ್, ಡಾಕ್ಟರು ಎಲ್ಲ ನಾನೇ ನೋಡುತ್ತೇನೆ. ಆದರೂ ಹುಡುಗ ನನಗೆ 'ಅಂಕಲ್' ಎನ್ನುತ್ತಾನೆ. ಶಾಲೆಯ ದಾಖಲೆಯಲ್ಲಿ ತಂದೆಯ ಜಾಗಕ್ಕೆ ನನ್ನ ಹೆಸರು ಹಾಕಿಸಿದರೆ ಅವನಿಗೆ ನಾನು ತನ್ನವನು ಎಂಬ ಭಾವನೆ ಬರಬಹುದೇ?
— ಒಬ್ಬ ಓದುಗ

ಉತ್ತರ: ಕಾನೂನಿನ ಮಾತು ಮೊದಲು ಮುಗಿಸುತ್ತೇನೆ. 1956ರ ಹಿಂದೂ ಅಪ್ರಾಪ್ತ ವಯಸ್ಸು ಮತ್ತು ಪೋಷಕತ್ವ ಕಾಯ್ದೆಯ 6ನೇ ಸೆಕ್ಷನ್ ಸಹಜ ಪೋಷಕರು ಯಾರು ಎಂದು ಹೇಳುತ್ತ, ಅಲ್ಲಿಯ 'ತಂದೆ', 'ತಾಯಿ' ಎಂಬ ಶಬ್ದಗಳಲ್ಲಿ ಮಲತಂದೆ, ಮಲತಾಯಿ ಸೇರುವುದಿಲ್ಲ ಎಂದು ಬಿಡಿಸಿ ಹೇಳಿದೆ. ನೀವು ಎಷ್ಟು ಫೀಸು ಕಟ್ಟಿದರೂ ಇದು ಬದಲಾಗದು. ದಾರಿ ಇರುವುದು ದತ್ತು. ಮಲತಂದೆ ದತ್ತು ಪಡೆಯಲು ಕೇಂದ್ರದ ದತ್ತು ಪ್ರಾಧಿಕಾರವಾದ ಕಾರಾದ ನಿಯಮಗಳಲ್ಲಿ ಅವಕಾಶವಿದೆ, ಅದಕ್ಕೆ ಹೆತ್ತ ತಂದೆಯ ಒಪ್ಪಿಗೆ ಬೇಕು. ಮಗುವಿನ ಕಸ್ಟಡಿ ವ್ಯಾಜ್ಯ ಕೋರ್ಟಿನಲ್ಲಿದ್ದರೆ ಅದು ತೀರುವವರೆಗೆ ಅರ್ಜಿ ಮುಂದೆ ಹೋಗುವುದಿಲ್ಲ. 2022ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಒಂದು ಪ್ರಕರಣದಲ್ಲಿ, ಮರುಮದುವೆಯಾದ ತಾಯಿ ಮಗುವಿನ ಮನೆತನದ ಹೆಸರನ್ನು ತಾನೇ ನಿರ್ಧರಿಸಬಹುದು, ದಾಖಲೆಯಲ್ಲಿ ಹೊಸ ಗಂಡನನ್ನು 'ಮಲತಂದೆ' ಎಂದು ಬರೆಸಬೇಕೆಂಬ ಆದೇಶ ಕ್ರೂರವಾದದ್ದು ಎಂದಿತು. ಆ ತೀರ್ಪನ್ನು ಯಾರಾದರೂ ನಿಮಗೆ ತೋರಿಸಬಹುದು. ಆದರೆ ಅಲ್ಲಿ ಮಗುವಿನ ತಂದೆ ತೀರಿಕೊಂಡಿದ್ದರು. ನಿಮ್ಮ ಹುಡುಗನ ತಂದೆ ಇದ್ದಾರೆ, ಬರುತ್ತಿದ್ದಾರೆ. ಎರಡನ್ನೂ ಒಂದೇ ತಕ್ಕಡಿಯಲ್ಲಿ ಇಡಬೇಡಿ.

ಈಗ ಹುಡುಗನ ಮಾತು. ದಾಖಲೆ ತಿದ್ದಿದರೆ ಅವನಿಗೆ ಕಾಣುವುದು ಒಂದೇ, ಅಪ್ಪನ ಹೆಸರಿನ ಮೇಲೆ ಎಳೆದ ಗೆರೆ. ದಯವಿಟ್ಟು ಆ ಯೋಚನೆ ಬಿಡಿ. ಅದರ ಬದಲು ಅಪ್ಪ ಬರುವ ದಿನ ಹುಡುಗನ ಶರ್ಟು ಇಸ್ತ್ರಿಯಾಗಿರುವ ಹಾಗೆ, ಹೊತ್ತಿಗೆ ಸರಿಯಾಗಿ ಅವನು ತಯಾರಾಗಿರುವ ಹಾಗೆ ನೀವು ನೋಡಿಕೊಳ್ಳಿ. ಬರುವುದು ತಡವಾದರೆ 'ಟ್ರಾಫಿಕ್ ಇರಬಹುದು, ಬರುತ್ತಾರೆ' ಎನ್ನಿ. ಬಾರದೇ ಹೋದರೆ ಅವನ ಎದುರು ಒಂದು ಕೆಟ್ಟ ಮಾತೂ ಆಡದೆ ಅವನ ಜೊತೆ ಸುಮ್ಮನೆ ಕೂತಿರಿ. ಅಪ್ಪನನ್ನು ಇಷ್ಟಪಡಲು ನಿಮ್ಮ ಮನೆಯಲ್ಲಿ ಅಡ್ಡಿಯಿಲ್ಲ ಎಂದು ಖಾತ್ರಿಯಾದ ಹುಡುಗನಿಗೆ ನಿಮ್ಮ ಹತ್ತಿರ ಬರಲು ಹೆದರಿಕೆ ಇರುವುದಿಲ್ಲ. 'ಅಂಕಲ್' ಎಂದೇ ಕರೆದು ಸೈಕಲ್ ಚೈನು ಕಳಚಿದಾಗ ಮೊದಲು ನಿಮ್ಮ ಹತ್ತಿರ ಓಡಿ ಬರುತ್ತಾನೋ ಇಲ್ಲವೋ, ಅದನ್ನು ನೋಡಿ.

ಪ್ರಶ್ನೆ: ನಮಸ್ಕಾರ್ರೀ. ನನ್ನ ಮಗಳು ತೀರಿಕೊಂಡು ಮೂರು ವರ್ಷ ಆತು. ಅಳಿಯ ಮತ್ತೊಂದು ಮದುವಿ ಮಾಡಿಕೊಂಡಾನ. ಆಕಿ ಕೆಟ್ಟಾಕಿ ಏನಲ್ಲ. ಎರಡೂ ಮೊಮ್ಮಕ್ಕಳು ನನಗ ಭಾಳ ಹಚ್ಚಿಕೊಂಡಾವ. ಆದರ ನಾ ಆ ಮನಿಗೆ ಹೋದರ ಆಕಿ ಮುಖ ಸಣ್ಣದು ಮಾಡತಾಳ. ಮಂದಿ 'ಇನ್ನ ನೀ ಹೋಗಬ್ಯಾಡ' ಅಂತಾರ. ಬಿಟ್ಟುಬಿಡಲೇನು?
— ಒಬ್ಬ ಅಜ್ಜಿ, ಗದಗ

ಉತ್ತರ: ಬಿಡಬ್ಯಾಡ್ರೀ ತಾಯಿ. ಆ ಮಕ್ಕಳು ತಾಯಿಯನ್ನು ಕಳೆದುಕೊಂಡಿದ್ದಾರೆ, ಅಜ್ಜಿಯನ್ನೂ ಕಳೆದುಕೊಳ್ಳುವುದು ಬೇಡ. ಆದರೆ ಆಕೆಯ ಮುಖ ಯಾಕೆ ಸಣ್ಣದಾಗುತ್ತದೆ ಎಂದು ಆ ಜಾಗದಲ್ಲಿ ನಿಂತಿದ್ದವಳಾಗಿ ಹೇಳುತ್ತೇನೆ. ನಮ್ಮ ಮನೆಗೂ ಮೊದಲನೆಯವರ ತಾಯಿ ಬರುತ್ತಿದ್ದರು. ಅವರು ಅಂಗಳಕ್ಕೆ ಕಾಲಿಟ್ಟ ಕೂಡಲೇ ಮಕ್ಕಳು ಓಡುತ್ತಿದ್ದವು, ನಾನು ನನ್ನದೇ ಮನೆಯಲ್ಲಿ ಹೊರಗಿನವಳ ಹಾಗೆ ಕಂಬಕ್ಕೆ ಆತು ನಿಲ್ಲುತ್ತಿದ್ದೆ. ಅವರು ಹುಡುಗಿಯ ಗಲ್ಲ ಹಿಡಿದು 'ಎಷ್ಟು ಸೊರಗಿದ್ದೀಯೇ' ಅಂದರೆ ಆ ಮಾತು ನನ್ನ ಅಡುಗೆಗೆ, ನನ್ನ ಕೈಗೆ ಬಂದು ತಾಗುತ್ತಿತ್ತು. ಅವರಿಗೆ ಅದು ಗೊತ್ತೇ ಇರಲಿಲ್ಲ. ನಾನೂ ಹೇಳಲಿಲ್ಲ.

ಒಂದು ಸಲ ಅವರು ಬರುವಾಗ ನನಗೆಂದು ಒಂದು ರವಿಕೆ ಕಣ ತಂದರು. 'ನನ್ನ ಮಕ್ಕಳನ್ನ ನೋಡಿಕೊಳ್ಳೂ ನೀನೂ ನಂಗೆ ಮಗಳೇ' ಎಂದು ಕುಂಕುಮ ಹಚ್ಚಿ ಕೊಟ್ಟರು, ಮಕ್ಕಳ ಎದುರಿಗೇ. ಹುಡುಗಿ ಅದನ್ನು ನೋಡುತ್ತಿದ್ದಳು. ತನ್ನ ತಾಯಿಯ ತಾಯಿಯೇ ಒಪ್ಪಿಕೊಂಡ ಮೇಲೆ ತಾನು ನನ್ನನ್ನು ಒಪ್ಪಿದರೆ ತಪ್ಪಾಗದು ಎಂದು ಅವಳಿಗೆ ಅನಿಸಿರಬೇಕು. ಅದು ಜಾತ್ರೆಯ ಬಳೆಯ ವರ್ಷವೇ. ಸಂಕದ ಹತ್ತಿರ ನಾನು ಎಷ್ಟು ಸಂಜೆ ನಿಂತಿದ್ದರೂ, ಆ ಅಜ್ಜಿ ಅಂದು ಕುಂಕುಮ ಹಚ್ಚದಿದ್ದರೆ ಚೀಲ ನನ್ನ ಕೈಗೆ ಬರುತ್ತಿತ್ತೋ ಇಲ್ಲವೋ.

ನೀವು ಹೋಗುವ ಮೊದಲು ಆಕೆಗೇ ಫೋನ್ ಮಾಡಿ, ಅಳಿಯನಿಗೆ ಬೇಡ. 'ನಾಳೆ ಬರಲೇನವ್ವ?' ಎಂದು ಕೇಳಿ. ಶೇಂಗಾ ಹೋಳಿಗೆ ಒಯ್ಯುವುದಿದ್ದರೆ ಡಬ್ಬಿಯನ್ನು ಮಕ್ಕಳ ಕೈಗೆ ಕೊಡದೆ ಆಕೆಯ ಕೈಗೆ ಕೊಡಿ, ಆಕೆಯೇ ಹಂಚಲಿ. ಬಾಗಿಲಲ್ಲಿ ನಿಂತು ಮೊದಲು ಆಕೆಯ ಹೆಸರು ಹಿಡಿದು ಕರೆಯಿರಿ. ಮೊಮ್ಮಕ್ಕಳು ಹೇಗೂ ಓಡಿ ಬರುತ್ತಾರೆ.